ತೆರೆಯ ಮೇಲಿನ ಮುಸಲ್ಮಾನ ವೀರನು

ಚಲಚ್ಚಿತ್ರವೆಂಬುದು ಹುಡುಗರು ಹೊತ್ತು ಕಳೆಯುವ ಆಟವೆಂದೂ, ಅದರ ವಿಚಾರವಾಗಿ ಸಂಪಾದಕೀಯ ಸ್ತಂಭದಲ್ಲಿ ಮಸಿಯನ್ನು ವ್ಯಯಮಾಡುವುದು ಸಲ್ಲದೆಂದೂ ಭಾವಿಸುವ ಮಹನೀಯರು ನಮ್ಮ ವಾಚಕರಲ್ಲಿ ಕೆಲವರಾದರೂ ಇರುವರು. ಅವರ ಅಭಿಪ್ರಾಯವನ್ನು ನಾವು ಅನಾದರದಿಂದ ಕಾಣುವುದಿಲ್ಲ. ಆದರೆ ಹಿಂದೆ ಹರಿಕಥೆಯೂ ಬಯಲಾಟವೂ ಮಾಡುತ್ತಿದ್ದ ಕೆಲಸವನ್ನು ಈಗ ಬಹುಮಟ್ಟಿಗೆ ಚಿತ್ರಪಟವೇ ಮಾಡುತ್ತಿದೆಯೆಂಬುದನ್ನು ಅವರೂ ಅಲ್ಲಗಳೆಯಲಾರರು. ಯಾರನ್ನು ನಂಬಬೇಕು, ಯಾರಿಗೆ ಅಂಜಬೇಕು, ಆಪತ್ತು ಬಂದಾಗ ಯಾರ ಮೊರೆ ಹೋಗಬೇಕು ಎಂಬ ಪಾಠವನ್ನು ಹತ್ತು ವರ್ಷದ ಬಾಲಕನು ಶಾಲೆಯಲ್ಲಿ ಕಲಿಯುವುದಕ್ಕೆ ಮುಂಚೆಯೇ ತೆರೆಯ ಮುಂದೆ ಕುಳಿತು ಕಲಿತುಬಿಟ್ಟಿರುತ್ತಾನೆ. ಅದರಲ್ಲಿಯೂ ಅತಿಮಾನುಷ ಶಕ್ತಿಯುಳ್ಳ ವೀರರ ಕಥೆ, ಹೊಡೆದಾಟದ ಕಥೆ, ಗೂಢಚಾರರ ಕಥೆ ಇವುಗಳಲ್ಲಿ ಒಳ್ಳೆಯದು ಕೆಟ್ಟದ್ದುಗಳ ವಿಭಾಗವು ಬಲು ನಿಚ್ಚಳವಾಗಿರುತ್ತದೆ. ನಾಯಕನು ಕಾಯುವವನು, ಖಳನು ಕೊಲ್ಲುವವನು. ನಡುವೆ ಸಂಶಯಕ್ಕೆ ಎಡೆಯಿಲ್ಲ. ಆದುದರಿಂದಲೇ ಯಾವ ಹೆಸರಿನವನು ಕಾಯುವವನಾಗುತ್ತಾನೆ, ಯಾವ ಹೆಸರಿನವನು ಕೊಲ್ಲುವವನಾಗುತ್ತಾನೆ ಎಂಬ ಪ್ರಶ್ನೆಯು ಕ್ಷುಲ್ಲಕವಾದುದಲ್ಲ.

ಈ ಪ್ರಶ್ನೆಯನ್ನು ಮುಸಲ್ಮಾನರ ವಿಷಯದಲ್ಲಿ ಇಂದು ವಿಚಾರಿಸಬೇಕೆಂದಿದ್ದೇವೆ. ಮುಸಲ್ಮಾನ ವೀರನು ತೆರೆಯ ಮೇಲೆ ಬಂದೇ ಇಲ್ಲವೆಂದು ದೂರುವವರುಂಟು. ಅದು ಪೂರ್ತಿ ನಿಜವಲ್ಲ. ಅವನು ಬಂದಿದ್ದಾನೆ; ಈಚಿನ ವರ್ಷಗಳಲ್ಲಿ ಆಗಾಗ್ಗೆ ಬಂದಿದ್ದಾನೆ. ಆದರೆ ಬಂದಾಗಲೆಲ್ಲ ಬಾಗಿಲಲ್ಲಿ ಅವನನ್ನು ನಿಲ್ಲಿಸಿ ಜಾಮೀನು ಕೇಳಲಾಗುತ್ತಿದೆ. ಇತರ ನಾಯಕರಿಗಿಲ್ಲದ ಈ ಜಾಮೀನಿನ ನಿಬಂಧನೆಯು ಅವನಿಗೆ ಮಾತ್ರ ಏಕೆ? ನಮ್ಮ ತಕರಾರು ಇಷ್ಟೇ.

ಮೊದಲು ಅಮೆರಿಕದ ವಿಚಾರ. ಅತಿಮಾನುಷ ವೀರರ ಚಿತ್ರಗಳ ತವರು ಅದೇ. ಲೆಬನಾನ್ ಮೂಲದ ಅಮೆರಿಕನ್ ವಿದ್ವಾಂಸರಾದ ಜ್ಯಾಕ್ ಶಾಹೀನರು ೯೦೦ಕ್ಕೂ ಹೆಚ್ಚು ಚಿತ್ರಗಳನ್ನು ಪರಿಶೀಲಿಸಿ ೨೦೦೧ರಲ್ಲಿ ಒಂದು ಗ್ರಂಥವನ್ನು ಪ್ರಕಟಿಸಿದರು. ಹಾಲಿವುಡ್ಡಿನ ತೆರೆಯ ಮೇಲೆ ಅರಬನು ಸಾಮಾನ್ಯವಾಗಿ ಕಾಮುಕನಾದ ಶೇಖನಾಗಿ, ಇಲ್ಲವೇ ಬಾಂಬು ಹಿಡಿದ ಕೊಲೆಗಡುಕನಾಗಿಯೇ ಬರುತ್ತಾನೆಂದು ಅವರು ತೋರಿಸಿಕೊಟ್ಟರು. ಅರಬರೆಲ್ಲರೂ ಮುಸಲ್ಮಾನರಲ್ಲ, ಮುಸಲ್ಮಾನರಲ್ಲಿ ಹೆಚ್ಚಿನವರು ಅರಬರೂ ಅಲ್ಲ. ಆದರೆ ಆ ತೆರೆಗೆ ಈ ಭೇದದ ಗೊಡವೆಯೇ ಇರಲಿಲ್ಲ. ೧೯೯೪ರ 'ಟ್ರೂ ಲೈಸ್' ಎಂಬ ಚಿತ್ರದ ಕೊಲೆಗಡುಕರ ಗುಂಪನ್ನು ಸ್ಮರಿಸಿಕೊಂಡರೆ ಆ ಅಚ್ಚು ಎಂಥದೆಂಬುದು ತಿಳಿಯುತ್ತದೆ. ಮುಂದೆ ದಕ್ಷಿಣ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾನಿಲಯದ ಸಂಶೋಧಕರು ೨೦೧೭ರಿಂದ ೨೦೧೯ರ ವರೆಗೆ ಅಮೆರಿಕ, ಬ್ರಿಟನ್, ಆಸ್ಟ್ರೇಲಿಯಾ, ನ್ಯೂಜಿಲೆಂಡುಗಳಲ್ಲಿ ಹೆಚ್ಚು ಹಣ ಗಳಿಸಿದ ೨೦೦ ಚಿತ್ರಗಳನ್ನು ಎಣಿಸಿ ೨೦೨೧ರಲ್ಲಿ ವರದಿ ಕೊಟ್ಟರು. ಆ ಚಿತ್ರಗಳಲ್ಲಿ ಮಾತನಾಡುವ ಪಾತ್ರಗಳು ಒಟ್ಟು ೮,೯೬೫. ಅವುಗಳಲ್ಲಿ ಮುಸಲ್ಮಾನರು ನೂರಕ್ಕೆ ೧.೬ ಮಾತ್ರ. ಲೋಕದ ಜನರಲ್ಲಿ ಹೆಚ್ಚು ಕಡಿಮೆ ನಾಲ್ವರಲ್ಲಿ ಒಬ್ಬನು ಮುಸಲ್ಮಾನನಾಗಿರುವಾಗ ತೆರೆಯ ಮೇಲಿನ ಲೆಕ್ಕ ಹೀಗಿದೆ.

ಇದಕ್ಕೆ ಅಪವಾದಗಳಿಲ್ಲದೆ ಇಲ್ಲ. ೧೯೯೯ರಲ್ಲಿ ಬಂದ 'ದಿ ಥರ್ಟೀನ್ತ್ ವಾರಿಯರ್' ಎಂಬ ಚಿತ್ರದ ನಾಯಕನು ಅಹಮದ್ ಇಬ್ನ್ ಫದ್ಲಾನನು. ಈತನು ಕಲ್ಪಿತನಲ್ಲ, ೯೨೧ರಲ್ಲಿ ಬಾಗ್ದಾದಿನಿಂದ ಹೊರಟು ವೋಲ್ಗಾ ನದಿಯ ತೀರದ ವರೆಗೆ ಹೋಗಿ, ಕಂಡದ್ದನ್ನು ಬರೆದಿಟ್ಟ ರಾಯಭಾರಿ. ಚಿತ್ರದಲ್ಲಿ ಅವನು ಉತ್ತರದೇಶದ ಯೋಧರ ಜೊತೆಗೂಡಿ ಕಾದುತ್ತಾನೆ, ಅವರ ಭಾಷೆಯನ್ನು ಕೇಳಿ ಕೇಳಿಯೇ ಕಲಿಯುತ್ತಾನೆ, ತನ್ನ ಪ್ರಾರ್ಥನೆಯನ್ನು ಬಿಡುವುದಿಲ್ಲ. ಅವನ ಮತವು ಕಥೆಯ ತೊಡಕೂ ಅಲ್ಲ, ಅವನಿಗೆ ಬೇಕಾದ ರಹದಾರಿಯೂ ಅಲ್ಲ. ಅದು ಅವನ ಸ್ವಭಾವದ ಒಂದು ಅಂಗ ಅಷ್ಟೆ. ಚಿತ್ರವು ಹಣದ ದೃಷ್ಟಿಯಿಂದ ಸೋತುಹೋಯಿತು, ಪಾತ್ರವನ್ನು ವಹಿಸಿದವನು ಸ್ಪೇನ್ ದೇಶದ ನಟನು; ಇವೆರಡೂ ನಿಜ. ಆದರೂ ಮುಸಲ್ಮಾನ ವೀರನನ್ನು ಯಾವ ಜಾಮೀನೂ ಕೇಳದೆ ಚಿತ್ರಿಸುವುದು ಸಾಧ್ಯವೆಂಬುದಕ್ಕೆ ಅದೊಂದು ಸಾಕ್ಷ್ಯವಾಗಿ ಉಳಿದಿದೆ.

ಅನಂತರದ ಮುಖ್ಯ ಘಟನೆಯು ಕಮಲಾ ಖಾನ್ ಎಂಬ ಬಾಲಿಕೆಯದು. ಮಾರ್ವೆಲ್ ಸಂಸ್ಥೆಯ ಚಿತ್ರಕಥಾ ಪುಸ್ತಕಗಳಲ್ಲಿ ಈಕೆ ೨೦೧೩ರಲ್ಲಿ ಕಾಣಿಸಿಕೊಂಡಳು. ೨೦೧೪ರಲ್ಲಿ 'ಮಿಸ್ ಮಾರ್ವೆಲ್' ಎಂಬ ಹೆಸರಿನಿಂದ ಆಕೆಯದೇ ಪುಸ್ತಕಮಾಲೆ ಹೊರಟಿತು. ೨೦೧೫ರಲ್ಲಿ ಅದರ ಮೊದಲ ಸಂಪುಟಕ್ಕೆ ಹ್ಯೂಗೋ ಪ್ರಶಸ್ತಿ ಬಂದಿತು. ಪಾತ್ರದ ಕಲ್ಪನೆಯಲ್ಲಿ ಮುಖ್ಯರಾದ ಸಂಪಾದಕಿ ಸನಾ ಅಮಾನತ್ ಅವರೂ ಲೇಖಿಕೆ ವಿಲ್ಲೋ ವಿಲ್ಸನ್ ಅವರೂ ಮುಸಲ್ಮಾನ ಸ್ತ್ರೀಯರು. ಕಮಲೆಯು ನ್ಯೂಜೆರ್ಸಿ ಸಂಸ್ಥಾನದ ಜೆರ್ಸಿ ಸಿಟಿಯಲ್ಲಿ ಬೆಳೆದ ಪಾಕಿಸ್ತಾನೀ ಮನೆತನದ ಹುಡುಗಿ. ೨೦೨೨ರಲ್ಲಿ ಇದೇ ಕಥೆಯು ಆರು ಕಂತುಗಳ ಧಾರಾವಾಹಿಯಾಗಿ ಪ್ರಸಾರವಾಯಿತು. ಡಿಸ್ನಿ ಸಂಸ್ಥೆಯ ಪ್ರಸಾರವು ಇಲ್ಲದ ಪಾಕಿಸ್ತಾನದಲ್ಲಿ ಅದನ್ನು ಚಿತ್ರಮಂದಿರಗಳಲ್ಲಿಯೇ ಕಂತುಕಂತಾಗಿ ತೋರಿಸಲಾಯಿತು.

ಈ ಧಾರಾವಾಹಿಯಲ್ಲಿ ನಮಗೆ ಮೆಚ್ಚಿಕೆಯಾದುದು ಹುಡುಗಿಯ ಮಾಯಾಶಕ್ತಿಯಲ್ಲ. ಆಕೆಗೆ ಒಂದು ಮನೆಯಿದೆ. ಬೈಯುವ ತಾಯಿ, ತಮಾಷೆಯ ತಂದೆ, ದೈವಭಕ್ತನಾದ ಅಣ್ಣ ಇದ್ದಾರೆ. ಮಸೀದಿಯ ಆಡಳಿತ ಮಂಡಲಿಯ ಚುನಾವಣೆಗೆ ನಿಲ್ಲುವ ಗೆಳತಿಯಿದ್ದಾಳೆ. ಕೊನೆಯ ಕಂತಿನಲ್ಲಿ ಆಕೆಯ ವೀರವೇಷವನ್ನು ತಂದು ಕೈಗೆ ಕೊಡುವವಳು ಬೇರೆ ಯಾರೂ ಅಲ್ಲ, ಆ ಬೈಯುವ ತಾಯಿಯೇ. ೧೯೪೭ರ ದೇಶವಿಭಜನೆಯ ಕಾಲದಲ್ಲಿ ಕರಾಚಿಯ ಕಡೆಗೆ ಹೊರಟ ರೈಲು ನಿಲ್ದಾಣದ ಗದ್ದಲದಲ್ಲಿ ತಾಯಿತಂದೆಯರಿಂದ ಅಗಲಿದ ಮಗುವಿನ ಕಥೆಯೂ ಇದರಲ್ಲಿ ಬರುತ್ತದೆ. ಈ ದೇಶದ ಲಕ್ಷಾಂತರ ಕುಟುಂಬಗಳು, ಹಿಂದುಗಳೂ ಸಿಖ್ಖರೂ ಮುಸಲ್ಮಾನರೂ, ಅನುಭವಿಸಿದ ಆ ಸಂಕಟವನ್ನು ಅಮೆರಿಕದ ಅತಿಮಾನುಷ ಕಥೆಯೊಂದು ತನ್ನ ಮೂಲದಲ್ಲಿರಿಸಿಕೊಂಡದ್ದು ಸಣ್ಣ ಮಾತಲ್ಲ. ಸರ್ಕಾರೀ ಇಲಾಖೆಯವರು ಮಸೀದಿಗೆ ನುಗ್ಗಿ ಶೋಧಿಸುವ ಪ್ರಸಂಗವೂ ಉಂಟು. ಆದರೆ ಅಲ್ಲಿ ತಲೆತಗ್ಗಿಸಬೇಕಾದವರು ಶೋಧಕರೇ ಹೊರತು ಮಸೀದಿಯವರಲ್ಲ. ಕಮಲೆಯು ತಾನು ಒಳ್ಳೆಯವಳೆಂದು ಯಾರ ಮುಂದೆಯೂ ಪ್ರಮಾಣ ಮಾಡಬೇಕಾಗಿ ಬರುವುದಿಲ್ಲ.

ಇದನ್ನು ಇನ್ನೊಂದು ಪಾತ್ರದೊಡನೆ ಹೋಲಿಸಿ ನೋಡೋಣ. ೨೦೧೨ರಲ್ಲಿ ಮತ್ತೊಂದು ಪ್ರಸಿದ್ಧ ಸಂಸ್ಥೆಯಾದ ಡಿಸಿ ಕಾಮಿಕ್ಸಿನವರು 'ಗ್ರೀನ್ ಲ್ಯಾಂಟರ್ನ್' ಕಥೆಯಲ್ಲಿ ಸೈಮನ್ ಬಾಜ್ ಎಂಬ ಲೆಬನಾನೀ ಮೂಲದ ಅಮೆರಿಕನ್ ಮುಸಲ್ಮಾನನನ್ನು ತಂದರು. ಉದ್ದೇಶ ಒಳ್ಳೆಯದೇ. ಆದರೆ ಅವನ ಪ್ರವೇಶವೇ ಭಯೋತ್ಪಾದಕನೆಂಬ ಗುಮಾನಿಯಿಂದ ಸೆರೆಸಿಕ್ಕುವುದರ ಮೂಲಕ. ಇತರ ವೀರರ ಕಥೆಯು ಶಕ್ತಿ ದೊರೆಯುವುದರಿಂದ ಮೊದಲಾದರೆ ಇವನ ಕಥೆಯು ಆರೋಪದಿಂದ ಮೊದಲಾಗುತ್ತದೆ. ಜಾಮೀನು ಎಂದು ನಾವು ಹೇಳುವುದು ಇದನ್ನೇ.

೨೦೨೩ರ ನವೆಂಬರಿನಲ್ಲಿ ಕಮಲೆಯು ಮೂವರು ನಾಯಿಕೆಯರಲ್ಲಿ ಒಬ್ಬಳಾಗಿ 'ದಿ ಮಾರ್ವೆಲ್ಸ್' ಚಿತ್ರದ ಮೂಲಕ ಬೆಳ್ಳಿತೆರೆಗೆ ಬಂದಳು. ೨೦ ಕೋಟಿ ಡಾಲರಿಗೆ ಮೀರಿ ವೆಚ್ಚವಾಗಿದ್ದ ಆ ಚಿತ್ರಕ್ಕೆ ಲೋಕದಲ್ಲೆಲ್ಲ ಕೂಡಿದ್ದು ಸುಮಾರು ೨೦.೬ ಕೋಟಿ ಡಾಲರು ಮಾತ್ರ. ಮಾರ್ವೆಲ್ ಚಿತ್ರಮಾಲೆಯಲ್ಲಿ ಅಷ್ಟು ಕಡಮೆ ಗಳಿಸಿದ ಚಿತ್ರ ಅದಕ್ಕೆ ಮುಂಚೆ ಇರಲಿಲ್ಲ. ಕೂಡಲೇ, "ನೋಡಿದಿರಾ, ಇಂಥ ನಾಯಿಕೆಯರನ್ನು ಜನರು ಒಲ್ಲರು" ಎಂದು ಹೇಳುವವರು ಹುಟ್ಟಿಕೊಂಡರು. ಈ ತರ್ಕವನ್ನು ನಾವು ಒಪ್ಪಲಾರೆವು. ಚಿತ್ರಮಾಲೆಯ ವಿಷಯದಲ್ಲಿಯೇ ಪ್ರೇಕ್ಷಕರಿಗೆ ಆಗ ಬೇಸರ ಹುಟ್ಟಿತ್ತು. ಹಿಂದಿನ ಹತ್ತಾರು ಕಥೆಗಳನ್ನು ನೋಡದೆ ಇಲ್ಲಿಯ ಕಥೆಯು ತಿಳಿಯುವಂತಿರಲಿಲ್ಲ. ಬಿಳಿಯ ನಾಯಕನ ಚಿತ್ರವು ಸೋತರೆ ಆ ಚಿತ್ರವು ಕೆಟ್ಟಿತ್ತೆನ್ನುತ್ತಾರೆ. ಮುಸಲ್ಮಾನ ನಾಯಿಕೆಯ ಚಿತ್ರವು ಸೋತರೆ ಆ ಜನಾಂಗವೇ ಸೋತಿತೆನ್ನುತ್ತಾರೆ. ಒಬ್ಬನ ಸೋಲಿಗೆ ಕುಲವನ್ನೆಲ್ಲ ಹೊಣೆ ಮಾಡುವುದು ಯಾವ ನ್ಯಾಯ?

ಇನ್ನು ಮುಸಲ್ಮಾನ ದೇಶಗಳು ತಾವೇ ನಿರ್ಮಿಸಿದ ವೀರರ ಗತಿಯನ್ನು ನೋಡೋಣ. ಕುವೈತಿನ ಮನಃಶಾಸ್ತ್ರಜ್ಞರಾದ ನಾಯಿಫ್ ಅಲ್-ಮುತಾವಾ ಎಂಬವರು ೨೦೦೬ರಲ್ಲಿ 'ದಿ ನೈಂಟಿ ನೈನ್' ಎಂಬ ಚಿತ್ರಕಥಾಮಾಲೆಯನ್ನು ಪ್ರಾರಂಭಿಸಿದರು. ದೇವರ ೯೯ ನಾಮಗಳು ಸೂಚಿಸುವ ಔದಾರ್ಯ, ಬಲ, ಕರುಣೆ ಮುಂತಾದ ಗುಣಗಳಲ್ಲಿ ಒಂದೊಂದನ್ನು ಪಡೆದ ತರುಣ ತರುಣಿಯರ ಕಥೆ ಇದು. ೨೦೧೦ರಲ್ಲಿ ಅಮೆರಿಕದ ಅಧ್ಯಕ್ಷರಾಗಿದ್ದ ಒಬಾಮಾ ಅವರು ಇದನ್ನು ಬಹಿರಂಗವಾಗಿ ಶ್ಲಾಘಿಸಿದರು. ಆದರೆ ಸೌದಿ ಅರೇಬಿಯದ ಧರ್ಮಪಂಡಿತರು ಇದು ದೇವರ ನಾಮಗಳಿಗೆ ಅಪಚಾರವೆಂದು ಫತ್ವಾ ಹೊರಡಿಸಿದರು. ಇತ್ತ ಅಮೆರಿಕದಲ್ಲಿ ಕೆಲವರು ಇದು ಮಕ್ಕಳನ್ನು ಇಸ್ಲಾಮಿನ ಕಡೆಗೆ ಸೆಳೆಯುವ ಹೂಟವೆಂದು ಗದ್ದಲವೆಬ್ಬಿಸಿದರು. ಒಂದೇ ಪುಸ್ತಕವು ಒಬ್ಬರಿಗೆ ಮತದ್ರೋಹವಾಗಿಯೂ ಇನ್ನೊಬ್ಬರಿಗೆ ಮತಪ್ರಚಾರವಾಗಿಯೂ ಕಂಡಿತು! ಶಂಕಿಸುವ ಪರಕೀಯನೂ ಕಾವಲು ಕಾಯುವ ಸ್ವಕೀಯನೂ ಸೇರಿ ವೀರನ ಎರಡು ಕೈಗಳನ್ನೂ ಕಟ್ಟಿದರೆ ಅವನು ಹೋರಾಡುವುದೆಂತು?

ಪಾಕಿಸ್ತಾನದಲ್ಲಿ ೨೦೧೩ರಲ್ಲಿ 'ಬುರ್ಖಾ ಅವೆಂಜರ್' ಎಂಬ ವ್ಯಂಗ್ಯಚಿತ್ರ ಧಾರಾವಾಹಿಯು ದೂರದರ್ಶನದಲ್ಲಿ ಮೊದಲಾಯಿತು. ಜಿಯಾ ಎಂಬ ಶಾಲೆಯ ಉಪಾಧ್ಯಾಯಿನಿಯು ಬುರ್ಖಾ ತೊಟ್ಟು, ಪುಸ್ತಕಗಳನ್ನೂ ಲೇಖನಿಗಳನ್ನೂ ಆಯುಧಗಳನ್ನಾಗಿ ಮಾಡಿಕೊಂಡು, ಹೆಣ್ಣುಮಕ್ಕಳ ಶಾಲೆಯನ್ನು ಮುಚ್ಚಿಸಬಂದ ದುಷ್ಟರನ್ನು ಎದುರಿಸುತ್ತಾಳೆ. ಅದಕ್ಕೆ ಅಮೆರಿಕದ ಪೀಬಡಿ ಪ್ರಶಸ್ತಿಯೂ ದೊರೆಯಿತು. ಬುರ್ಖಾವನ್ನು ವೀರವೇಷವನ್ನಾಗಿ ಮಾಡಿದ್ದು ಸರಿಯೇ ಎಂಬ ಆಕ್ಷೇಪವು ಆ ದೇಶದಲ್ಲಿಯೇ ಹುಟ್ಟಿತು. ಆ ಚರ್ಚೆಯು ಅವರಿಗೆ ಬಿಟ್ಟದ್ದು. ನಾವು ಗಮನಿಸಬೇಕಾದುದು ಬೇರೊಂದುಂಟು. ಆ ಕಥೆಯಲ್ಲಿ ನಾಯಿಕೆಯೂ ಮುಸಲ್ಮಾನಳು, ಲಂಚಕೋರ ರಾಜಕಾರಣಿಯೂ ಮುಸಲ್ಮಾನನು, ಕಪಟ ಮಾಂತ್ರಿಕನೂ ಮುಸಲ್ಮಾನನು, ಓದಬಯಸುವ ಮಕ್ಕಳೂ ಮುಸಲ್ಮಾನರು. ಎಲ್ಲರೂ ಆ ಮತದವರೇ ಆಗಿರುವಲ್ಲಿ ಮತವು ಯಾರ ಹಣೆಗೂ ಅಂಟಿದ ಚೀಟಿಯಾಗುವುದಿಲ್ಲ. ಗುಣವೊಂದೇ ಮನುಷ್ಯರನ್ನು ವಿಂಗಡಿಸುತ್ತದೆ.

ಇದು ಪರದೇಶಗಳ ಮಾತಾಯಿತು. ನಮ್ಮ ದೇಶದ ಸ್ಥಿತಿಯು ಇದಕ್ಕಿಂತ ತೊಡಕಾದುದು. ಏಕೆಂದರೆ ಇಲ್ಲಿ ಮುಸಲ್ಮಾನ ನಟನಿಗೆ ಎಂದೂ ಬರವಿರಲಿಲ್ಲ. ಯೂಸುಫ್ ಖಾನ್ ಎಂಬ ತರುಣನು ೧೯೪೪ರಲ್ಲಿ ದಿಲೀಪ ಕುಮಾರನೆಂಬ ಹೆಸರಿನಿಂದ ತೆರೆಗೆ ಬಂದು ಎರಡು ತಲೆಮಾರುಗಳ ಮನಸ್ಸನ್ನು ಗೆದ್ದನು. ಅನಂತರ ಮೂವರು ಖಾನರು ಮೂವತ್ತು ವರ್ಷಗಳ ಕಾಲ ಹಿಂದೀ ಚಿತ್ರಗಳ ಸಿಂಹಾಸನವನ್ನು ಹಂಚಿಕೊಂಡರು. ಈ ದೇಶದ ಪ್ರೇಕ್ಷಕನು ನಟನ ಮತವನ್ನು ವಿಚಾರಿಸಲಿಲ್ಲವೆಂಬುದು ನಮಗೆ ಹೆಮ್ಮೆಯ ಸಂಗತಿ. ಆದರೆ ನಟನು ಮುಸಲ್ಮಾನನಾದರೂ ಅವನು ಧರಿಸಿದ ಪಾತ್ರವು ಬಹುಪಾಲು ರಾಜ್, ರಾಹುಲ್, ಪ್ರೇಮ್ ಎಂಬ ಹೆಸರಿನದೇ ಆಗಿತ್ತು. ಮುಖಕ್ಕೆ ಕೊಟ್ಟ ಮನ್ನಣೆಯನ್ನು ಹೆಸರಿಗೆ ಕೊಡಲು ನಾವು ಹಿಂಜರಿದೆವು.

ಹಾಗಾದರೆ ಮುಸಲ್ಮಾನ ಪಾತ್ರವು ಹೊಡೆದಾಟದ ಚಿತ್ರಗಳಲ್ಲಿ ಏನಾಗಿತ್ತು? ಬಹುಮಟ್ಟಿಗೆ ನಾಯಕನ ಮಿತ್ರನಾಗಿತ್ತು. ೧೯೭೩ರ 'ಜಂಜೀರ್' ಚಿತ್ರದ ಶೇರ್ ಖಾನನು ಇನ್ಸ್‌ಪೆಕ್ಟರ್ ವಿಜಯನಿಗೆ ಪ್ರಾಣವನ್ನೂ ಕೊಡಬಲ್ಲ ಗೆಳೆಯನು. ೧೯೭೫ರ 'ದೀವಾರ್' ಚಿತ್ರದಲ್ಲಿ ನಾಯಕನ ಎದೆಯನ್ನು ಕಾಯುವ ೭೮೬ನೆಯ ನಂಬರಿನ ಬಿಲ್ಲೆಯ ಮಹಿಮೆಯನ್ನು ಅವನಿಗೆ ತಿಳಿಸುವವನು ರಹೀಮ ಚಾಚಾ. ಅದೇ ವರ್ಷ ನಮ್ಮ ರಾಮನಗರದ ಬಂಡೆಗಳ ನಡುವೆ ತಯಾರಾದ 'ಶೋಲೇ' ಚಿತ್ರದಲ್ಲಿ ಮಗನನ್ನು ಕಳೆದುಕೊಂಡೂ ಧೈರ್ಯಗೆಡದ ವೃದ್ಧ ಇಮಾಮನಿದ್ದಾನೆ. ೧೯೯೫ರ ತಮಿಳಿನ 'ಬಾಷಾ' ಚಿತ್ರದಲ್ಲಿ ಮಾಣಿಕ್ಯನೆಂಬ ನಾಯಕನು ಬಾಷಾ ಆಗುವುದು ಕೊಲೆಯಾದ ತನ್ನ ಗೆಳೆಯ ಅನ್ವರ್ ಬಾಷಾನ ಹೆಸರನ್ನು ಹೊತ್ತ ಮೇಲೆಯೇ. ಇವೆಲ್ಲ ಮಮತೆಯಿಂದ ಬರೆದ ಪಾತ್ರಗಳು. ಇವುಗಳನ್ನು ಹಳಿಯುವುದು ಕೃತಘ್ನತೆ. ಆದರೂ ಒಂದು ಮಾತನ್ನು ಹೇಳಲೇಬೇಕು. ಮಿತ್ರನು ಸಾಯುತ್ತಾನೆ, ನಾಯಕನು ಬದುಕುತ್ತಾನೆ. ಮಿತ್ರನ ಹೆಸರು ನಾಯಕನಿಗೆ ಒದಗುತ್ತದೆ, ನಾಯಕನ ಪಟ್ಟವು ಮಿತ್ರನಿಗೆ ಒದಗುವುದಿಲ್ಲ.

ಈ ಪಂಕ್ತಿಯನ್ನು ಮುರಿದದ್ದು ೧೯೮೩ರ 'ಕೂಲಿ'. ಅದರ ನಾಯಕನಾದ ಇಕ್ಬಾಲನು ರೈಲು ನಿಲ್ದಾಣದಲ್ಲಿ ಹೊರೆ ಹೊರುವವನು. ಅವನ ತೋಳಿನ ಬಿಲ್ಲೆಯ ನಂಬರು ೭೮೬. ಅವನು ಕಾದುವುದು ತನ್ನ ಜೊತೆಯ ಕೂಲಿಗಳಿಗಾಗಿ, ಅವರ ದುಡಿಮೆಯ ಹಣವನ್ನು ನುಂಗಿದ ಬಲವಂತರ ವಿರುದ್ಧವಾಗಿ. ಅವನ ಪರಮ ಶತ್ರುವಾದ ಜಫರನೂ ಮುಸಲ್ಮಾನನೇ. ಆದರೆ ಅದು ಮತದ ಲೆಕ್ಕಾಚಾರವಲ್ಲ, ಅನ್ಯಾಯದ ಲೆಕ್ಕಾಚಾರ. ಈ ಚಿತ್ರಕ್ಕೂ ನಮ್ಮ ನಾಡಿಗೂ ಮರೆಯಲಾಗದ ನಂಟುಂಟು. ೧೯೮೨ರ ಜುಲೈ ೨೬ರಂದು ಬೆಂಗಳೂರು ವಿಶ್ವವಿದ್ಯಾನಿಲಯದ ಆವರಣದಲ್ಲಿ ಹೊಡೆದಾಟದ ದೃಶ್ಯವೊಂದನ್ನು ಚಿತ್ರಿಸುತ್ತಿದ್ದಾಗ ಅಮಿತಾಭ್ ಬಚ್ಚನ್ ಅವರಿಗೆ ಹೊಟ್ಟೆಗೆ ಮಾರಕವಾದ ಪೆಟ್ಟು ಬಿದ್ದಿತು. ಬೆಂಗಳೂರಿನಲ್ಲಿಯೂ ಅನಂತರ ಮುಂಬಯಿಯಲ್ಲಿಯೂ ಅವರು ಮೃತ್ಯುವಿನೊಡನೆ ಸೆಣಸುತ್ತಿದ್ದ ದಿನಗಳಲ್ಲಿ ದೇಶದ ಗುಡಿ, ಮಸೀದಿ, ಚರ್ಚು, ಗುರುದ್ವಾರಗಳಲ್ಲಿ ಪ್ರಾರ್ಥನೆಗಳು ನಡೆದುವು. ಕಥೆಯಲ್ಲಿ ಇಕ್ಬಾಲನು ಸಾಯಬೇಕೆಂದಿತ್ತಂತೆ. ನಟನು ಬದುಕಿದ ಮೇಲೆ ನಿರ್ದೇಶಕ ಮನಮೋಹನ ದೇಸಾಯಿಯವರು ಇಕ್ಬಾಲನನ್ನೂ ಬದುಕಿಸಿದರು. ಹಾಜಿ ಅಲಿ ದರ್ಗಾದಲ್ಲಿ ಗುಂಡೇಟು ತಿಂದ ಇಕ್ಬಾಲನು ಎದ್ದು ನಿಂತಾಗ ಸಂತೋಷಪಟ್ಟ ಪ್ರೇಕ್ಷಕನು, ಇವನು ಯಾವ ಮತದವನು, ಇವನ ನಿಷ್ಠೆ ಎಂಥದು ಎಂದು ಕೇಳಲಿಲ್ಲ.

ಮುಂದೆ ಗಾಳಿ ಬದಲಾಯಿಸಿತು. ಗಡಿಯಲ್ಲಿಯೂ ನಗರಗಳಲ್ಲಿಯೂ ರಕ್ತ ಹರಿದ ವರ್ಷಗಳವು. ೧೯೯೯ರ 'ಸರ್‌ಫರೋಶ್' ಚಿತ್ರದಲ್ಲಿ ಸಲೀಮನೆಂಬ ಪೊಲೀಸ್ ಅಧಿಕಾರಿಯಿದ್ದಾನೆ. ಪ್ರಾಮಾಣಿಕನಾದ ಅವನನ್ನು ಸ್ವಂತ ಇಲಾಖೆಯವರೇ ಸಂಶಯದಿಂದ ನೋಡುತ್ತಾರೆ. ಆ ನೋವನ್ನು ಅವನು ತನ್ನ ಮೇಲಧಿಕಾರಿಯ ಮುಂದೆ ತೋಡಿಕೊಳ್ಳುತ್ತಾನೆ. ಚಿತ್ರವು ಆ ನೋವನ್ನು ಮುಚ್ಚಿಡದೆ ಹೇಳಿದ್ದು ಪ್ರಶಂಸನೀಯವೇ ಸರಿ. ಆದರೆ ಅಲ್ಲಿಂದ ಮುಂದೆ ಮುಸಲ್ಮಾನ ವೀರನಿಗೆ ಒಂದು ಹೊಸ ಉದ್ಯೋಗವು ಗೊತ್ತಾಯಿತು: ತನ್ನ ಮತದ ದುಷ್ಟರನ್ನು ಹಿಡಿದುಕೊಡುವ ಉದ್ಯೋಗ. ೨೦೧೩ರ 'ವಿಶ್ವರೂಪಂ' ಚಿತ್ರದ ನಾಯಕನು ವಿಸಾಮ್ ಅಹಮದ್ ಎಂಬ ಗೂಢಚಾರನು. ಶತ್ರುಗಳ ಕೈಗೆ ಸಿಕ್ಕಾಗ ನಮಾಜು ಮಾಡಿ, ಅದು ಮುಗಿದೊಡನೆ ಅವರನ್ನು ಸದೆಬಡಿಯುವವನು. ೨೦೧೫ರ 'ಫ್ಯಾಂಟಮ್' ಚಿತ್ರದ ದಾನಿಯಾಲ್ ಖಾನನು ೨೦೦೮ರ ಮುಂಬಯಿ ಹತ್ಯಾಕಾಂಡದ ಸೂತ್ರಧಾರರನ್ನು ಹುಡುಕಿ ಕೊಲ್ಲಹೊರಟ ಮಾಜಿ ಸೈನ್ಯಾಧಿಕಾರಿ. ಆ ಚಿತ್ರವನ್ನು ಲಾಹೋರಿನ ನ್ಯಾಯಾಲಯವು ಪಾಕಿಸ್ತಾನದಲ್ಲಿ ನಿಷೇಧಿಸಿತು.

ಭಯೋತ್ಪಾದನೆಯು ಕಲ್ಪನೆಯಲ್ಲ, ಅದರ ಗಾಯಗಳು ಈ ದೇಶದ ಮೈಮೇಲೆ ಇನ್ನೂ ಹಸಿಯಾಗಿವೆ. ಮುಂಬಯಿಯಲ್ಲಿ ಕೊಂದವರು ಯಾವ ಹೆಸರು ಹೇಳಿಕೊಂಡು ಬಂದರೋ ಆ ಹೆಸರನ್ನು ತೆರೆಯ ಮೇಲೆ ಮರೆಮಾಚಬೇಕೆಂದು ನಾವು ಹೇಳುತ್ತಿಲ್ಲ. ಆದರೆ ಅಂದು ಸತ್ತವರಲ್ಲಿ ಮುಸಲ್ಮಾನರೂ ಇದ್ದರು. ಸತ್ತ ಒಂಬತ್ತು ಮಂದಿ ಹಂತಕರ ಶವಗಳಿಗೆ ತಮ್ಮ ಸ್ಮಶಾನದಲ್ಲಿ ಸ್ಥಳ ಕೊಡೆವೆಂದು ಆ ನಗರದ ಮುಸಲ್ಮಾನರ ಸಂಸ್ಥೆಯೇ ನಿರಾಕರಿಸಿತು. ಅದು ಯಾವ ಗೂಢಚಾರನ ಸಾಹಸಕ್ಕೂ ಕಡಮೆಯಾದ ಧೈರ್ಯವಲ್ಲ. ಅಂಥ ಧೈರ್ಯವು ತೆರೆಗೆ ಕಾಣಲಿಲ್ಲ. ಕಂಡದ್ದು ಕೋವಿ ಮಾತ್ರ. ಕೋವಿಯನ್ನು ತನ್ನವರ ಕಡೆಗೆ ತಿರುಗಿಸಿದಾಗ ಮಾತ್ರ ಒಬ್ಬನು ವೀರನೆನಿಸುವುದಾದರೆ ಅವನ ವೀರತ್ವವು ಸ್ವಂತ ಆಸ್ತಿಯಲ್ಲ, ಅಡವಿಟ್ಟ ಆಸ್ತಿ.

೨೦೨೩ರ ಜನವರಿಯಲ್ಲಿ ಬಂದ 'ಪಠಾಣ್' ಚಿತ್ರವು ಈ ದೃಷ್ಟಿಯಿಂದ ವಿಚಾರಾರ್ಹವಾಗಿದೆ. ಹಾಡೊಂದರ ಉಡುಪಿನ ಬಣ್ಣದ ನೆಪದಿಂದ ಅದನ್ನು ಬಹಿಷ್ಕರಿಸಬೇಕೆಂಬ ಕೂಗು ಬಿಡುಗಡೆಗೆ ಮುಂಚೆಯೇ ಎದ್ದಿತ್ತು. ಜನರು ಆ ಕೂಗಿಗೆ ಕಿವಿಗೊಡಲಿಲ್ಲ. ಚಿತ್ರವು ಲೋಕದಲ್ಲೆಲ್ಲ ೧,೦೦೦ ಕೋಟಿ ರೂಪಾಯಿಗಳಿಗೆ ಮೀರಿ ಗಳಿಸಿತು. ನಮ್ಮ ಬೆಂಗಳೂರಿನಲ್ಲಿ ಬೆಳೆದ ದೀಪಿಕಾ ಪಡುಕೋಣೆಯವರು ಇದರಲ್ಲಿ ರುಬೀನಾ ಎಂಬ ಪಾಕಿಸ್ತಾನದ ಮಾಜಿ ಗೂಢಚಾರಿಣಿಯಾಗಿದ್ದಾರೆ. ಖಳನಾದ ಜಿಮ್ ಎಂಬವನು ಭಾರತದ್ದೇ ಗೂಢಚಾರ ಸಂಸ್ಥೆಯಲ್ಲಿದ್ದು ಮುನಿದು ಹೊರಹೋದವನು. ಅವನನ್ನು ಬಾಡಿಗೆಗೆ ಹಿಡಿದವನು ಪಾಕಿಸ್ತಾನದ ದಂಡನಾಯಕನಾದರೂ ಕೇಡಿನ ಬೇರು ಮತದಲ್ಲಿಲ್ಲ, ಮುನಿಸಿನಲ್ಲಿದೆ. ಇದು ಒಂದು ಹೆಜ್ಜೆ ಮುಂದೆ. ಆದರೆ ನಾಯಕನು ಯಾರು? ಕೂಸಾಗಿದ್ದಾಗ ಚಿತ್ರಮಂದಿರದಲ್ಲಿ ಬಿಟ್ಟುಹೋದ ಅನಾಥನು. ಆಫ್ಘಾನಿಸ್ಥಾನದ ಹಳ್ಳಿಗರ ಪ್ರಾಣ ಉಳಿಸಿದ್ದಕ್ಕಾಗಿ ಅವರು ಕೊಟ್ಟ ಹೆಸರು 'ಪಠಾಣ್'. ಅವನು ಮುಸಲ್ಮಾನನೇ ಎಂದು ರುಬೀನಾ ಕೇಳಿದಾಗ ಅವನಿಗೂ ಉತ್ತರ ಗೊತ್ತಿಲ್ಲ. ದೇಶವೇ ತನ್ನ ತಾಯಿತಂದೆಯೆಂಬ ಭಾವನೆಯು ಉದಾತ್ತವಾದುದು, ಸಂದೇಹವಿಲ್ಲ. ಆದರೆ ಹೆಸರನ್ನು ಕೊಟ್ಟು ಮನೆಯನ್ನು ಕಸಿದುಕೊಂಡದ್ದೇಕೆ? ಅವನಿಗೆ ಅಮ್ಮೀ ಇದ್ದು, ಅವಳು ರಂಜಾನಿನಲ್ಲಿ ಮಗನ ದಾರಿ ಕಾಯುವವಳಾಗಿದ್ದರೆ, ಮಗನು ದೇಶಕ್ಕೆ ಒಂದು ಗುಲಗಂಜಿಯಷ್ಟಾದರೂ ಕಡಮೆ ಸೇವೆ ಮಾಡುತ್ತಿದ್ದನೇ? ಇದು ಅರ್ಧ ಹೆಜ್ಜೆ ಹಿಂದೆ.

"ವೀರನಿಗೆ ಮತವೇಕೆ? ವೀರನು ವೀರನೇ ಅಲ್ಲವೇ?" ಎಂದು ಕೆಲವರು ಆಕ್ಷೇಪಿಸಬಹುದು. ಸುಂದರವಾದ ಮಾತು, ಆದರೆ ಎಲ್ಲರಿಗೂ ಸಮನಾಗಿ ಅನ್ವಯಿಸಿದರೆ ಮಾತ್ರ ಸತ್ಯವಾದ ಮಾತು. ನಮ್ಮ ಚಿತ್ರಗಳ ಇತರ ನಾಯಕರು ಗುಡಿಯಲ್ಲಿ ಗಂಟೆ ಬಾರಿಸುತ್ತಾರೆ, ತಾಯಿಯ ಕೈಯಿಂದ ತಿಲಕ ಇಡಿಸಿಕೊಳ್ಳುತ್ತಾರೆ, ದೇವಿಯ ಮುಂದೆ ಶಪಥ ಮಾಡಿ ಶತ್ರುವನ್ನು ಸಂಹರಿಸುತ್ತಾರೆ. ಅದು ಸಹಜವಾಗಿದೆ, ಸೊಗಸಾಗಿಯೂ ಇದೆ; ಅದನ್ನು ತೆಗೆದುಹಾಕಬೇಕೆಂದು ಯಾರೂ ಹೇಳರು. ಹಾಗಿರುವಲ್ಲಿ ಇನ್ನೊಬ್ಬನ ಸಜ್ದಾ ಮಾತ್ರ ಏಕೆ ಸಮಜಾಯಿಷಿಯನ್ನು ಬೇಡಬೇಕು?

ಆತಂಕವು ಒಂದೇ ಕಡೆಯಿಂದ ಬರುವುದಲ್ಲವೆಂಬುದಕ್ಕೆ 'ವಿಶ್ವರೂಪ'ದ ಪ್ರಕರಣವೇ ದೃಷ್ಟಾಂತ. ನಾಯಕನು ಮುಸಲ್ಮಾನನಾಗಿದ್ದರೂ ಖಳರ ಚಿತ್ರಣದಿಂದ ತಮ್ಮ ಮತಕ್ಕೆ ಕಳಂಕವೆಂದು ತಮಿಳುನಾಡಿನ ಕೆಲವು ಮುಸಲ್ಮಾನ ಸಂಸ್ಥೆಗಳು ಪ್ರತಿಭಟಿಸಿದುವು. ಪ್ರಮಾಣಪತ್ರ ಪಡೆದಿದ್ದ ಚಿತ್ರವನ್ನು ಜಿಲ್ಲಾಧಿಕಾರಿಗಳು ೧೪೪ನೆಯ ಕಲಮಿನ ಮೇರೆಗೆ ತಡೆದರು. ಕೆಲವು ಮಾತುಗಳನ್ನು ಅಡಗಿಸಲು ಕಮಲಹಾಸನರು ಒಪ್ಪಿದ ಮೇಲೆಯೇ ೨೦೧೩ರ ಫೆಬ್ರುವರಿ ೭ರಂದು ಅದು ಅಲ್ಲಿ ಬಿಡುಗಡೆಯಾಯಿತು. ಹನ್ನೆರಡು ವರ್ಷಗಳ ಮೇಲೆ, ೨೦೨೫ರ ಮಾರ್ಚಿಯಲ್ಲಿ, ಮಲಯಾಳದ 'ಎಂಪುರಾನ್' ಚಿತ್ರಕ್ಕೆ ವಿರೋಧವು ಮತ್ತೊಂದು ದಿಕ್ಕಿನಿಂದ ಬಂದಿತು. ಅದರಲ್ಲಿ ೨೦೦೨ರ ಗುಜರಾತ್ ಗಲಭೆಯಲ್ಲಿ ಮನೆಯವರನ್ನು ಕಳೆದುಕೊಂಡ ಬಾಲಕನೇ ಬೆಳೆದು ಜಾಯೆದ್ ಮಸೂದನೆಂಬ ಯೋಧನಾಗುತ್ತಾನೆ. ಹಿಂದುಗಳ ಭಾವನೆಗೆ ನೋವಾಯಿತೆಂಬ ಕೂಗೆದ್ದಿತು. ನಿರ್ಮಾಪಕರು ತಾವೇ ದೃಶ್ಯಗಳನ್ನು ಕತ್ತರಿಸಿದರು, ಖಳನ ಹೆಸರನ್ನು ಬದಲಾಯಿಸಿದರು, ನಾಯಕನಟ ಮೋಹನಲಾಲರು ವಿಷಾದ ಸೂಚಿಸಿದರು. ಸೇಡಿನ ಕಥೆಯು ನಮಗೆ ಮೆಚ್ಚಿಕೆಯಾದುದಲ್ಲ; ಸೇಡು ವೀರತ್ವದ ಕನಿಷ್ಠ ರೂಪ. ಆದರೆ ಮೆಚ್ಚದಿರುವುದು ಬೇರೆ, ಬಾಯಿ ಮುಚ್ಚಿಸುವುದು ಬೇರೆ.

ನಮ್ಮ ವಾಚಕರಲ್ಲಿ ಅಧಿಕಾರಸ್ಥರು ಅನೇಕರಿರುವುದರಿಂದ ಅವರಿಗೆ ಒಂದು ಬಿನ್ನಹ. ಪ್ರದರ್ಶನ ಮತ್ತು ಮೆರವಣಿಗೆಗಳ ಬೆದರಿಕೆಗೆ ಅಂಜಿ ಅಭಿಪ್ರಾಯ ಸ್ವಾತಂತ್ರ್ಯವನ್ನು ಹತ್ತಿಕ್ಕಲಾಗದೆಂದು ಸರ್ವೋಚ್ಚ ನ್ಯಾಯಾಲಯವು ೧೯೮೯ರಲ್ಲಿಯೇ ರಂಗರಾಜನ್ ಮೊಕದ್ದಮೆಯಲ್ಲಿ ತೀರ್ಪಿತ್ತಿದೆ. ಚಿತ್ರಮಂದಿರದ ಮುಂದೆ ಕಲ್ಲು ಹಿಡಿದು ನಿಂತವನನ್ನು ಚದರಿಸುವುದು ಶಾಂತಿಪಾಲನೆ. ಅವನ ಮಾತಿನಂತೆ ಬಾಗಿಲಿಗೆ ಬೀಗ ಹಾಕುವುದು ಶಾಂತಿಪಾಲನೆಯಲ್ಲ. ಕಲ್ಲು ಹಿಡಿದವನು ಯಾವ ಮತದವನೆಂಬುದು ಇಲ್ಲಿ ಅಪ್ರಸ್ತುತ.

ಕಡೆಯದಾಗಿ ನಮ್ಮ ಕನ್ನಡನಾಡಿನ ಮಾತು. ಮುಸಲ್ಮಾನ ವೀರನನ್ನು ತನ್ನವನೆಂದು ಬಗೆಯುವುದನ್ನು ಕನ್ನಡಿಗನಿಗೆ ಅಮೆರಿಕದವರು ಕಲಿಸಬೇಕಾಗಿಲ್ಲ. ಕ್ರಿ. ಶ. ೬೮೦ರಲ್ಲಿ ಕರ್ಬಲಾ ಮೈದಾನದಲ್ಲಿ ಅನ್ಯಾಯಕ್ಕೆ ತಲೆಬಾಗದೆ ಮಡಿದ ಹುಸೇನನ ಕಥೆಯನ್ನು ಉತ್ತರ ಕರ್ನಾಟಕದ ಹಳ್ಳಿಗರು ಮೊಹರಮ್ಮಿನ ಪದಗಳಲ್ಲಿ ಕನ್ನಡದಲ್ಲಿಯೇ ಹಾಡುತ್ತಾರೆ. ಮುಸಲ್ಮಾನರ ಮನೆ ಒಂದೂ ಇಲ್ಲದ ಊರುಗಳಲ್ಲಿಯೂ ಅಲಾಯಿ ದೇವರು ಕೂರುತ್ತವೆ, ಹಿಂದೂ ತರುಣರು ಹೆಜ್ಜೆ ಹಾಕುತ್ತಾರೆ. ಕರಾವಳಿಯ ಮೊಗವೀರರು ಪೂಜಿಸುವ ಬೊಬ್ಬರ್ಯನನ್ನು ಮುಸಲ್ಮಾನ ಮೂಲದ ನಾವಿಕ ವೀರನೆಂದು ತುಳುವಿನ ಪಾಡ್ದನಗಳು ಹೇಳುತ್ತವೆ. ಕಡಲಿಗಿಳಿಯುವ ಬೆಸ್ತನು ಅವನ ರಕ್ಷೆಯನ್ನು ಬೇಡುತ್ತಾನೆ. ಮಾಲೆ ಧರಿಸಿ ಶಬರಿಮಲೆಗೆ ಹೊರಟ ಕನ್ನಡಿಗನು ದಾರಿಯಲ್ಲಿ ಎರುಮೇಲಿಯ ಮಸೀದಿಯಲ್ಲಿ ಅಯ್ಯಪ್ಪನ ಗೆಳೆಯನಾದ ವಾವರನಿಗೆ ಕೈಮುಗಿದೇ ಮುಂದೆ ಹೋಗುತ್ತಾನೆ. ಇವರಲ್ಲಿ ಯಾರಿಂದಲೂ ನಮ್ಮ ಹಿರಿಯರು ಜಾಮೀನು ಬರೆಸಿಕೊಳ್ಳಲಿಲ್ಲ. ಇವರ ಮತವನ್ನು ಅಳಿಸಿಹಾಕಲೂ ಇಲ್ಲ.

ಹೀಗಿದ್ದರೂ ಕನ್ನಡದ ತೆರೆಯು ಈ ಸಂಪತ್ತನ್ನು ಬಳಸಿಕೊಂಡದ್ದು ಅತ್ಯಲ್ಪ. ೧೯೯೦ರಲ್ಲಿ ಟಿ. ಎಸ್. ನಾಗಾಭರಣರು 'ಸಂತ ಶಿಶುನಾಳ ಶರೀಫ' ಚಿತ್ರದ ಮೂಲಕ ಮುಸಲ್ಮಾನ ಸಂತನನ್ನು ಕಥಾನಾಯಕನನ್ನಾಗಿ ಮಾಡಿದರು. ಜನರು ಅದನ್ನು ತಲೆಯ ಮೇಲೆ ಹೊತ್ತುಕೊಂಡರು. ಸಂತನನ್ನು ಒಪ್ಪಿದ ಜನರು ವೀರನನ್ನು ಒಪ್ಪಲಾರರೆಂದು ತಿಳಿಯುವುದಕ್ಕೆ ಕಾರಣವಿಲ್ಲ. ಪ್ರವಾಹದಲ್ಲಿ ದೋಣಿ ನಡೆಯಿಸುವ ಬ್ಯಾರಿಯೋ, ದರೋಡೆಕೋರರನ್ನು ಎದುರಿಸುವ ಲಾರಿ ಚಾಲಕನೋ, ಮರಳು ಕಳ್ಳರನ್ನು ತಡೆಯುವ ಅಮಲ್ದಾರನೋ ಆಗಿ ಅವನು ಬರಲಿ. ಅವನಲ್ಲಿ ಕೋಪವೂ ಇರಲಿ, ದೋಷವೂ ಇರಲಿ, ಹಾಸ್ಯವೂ ಇರಲಿ. ದೇವತೆಯಾಗಿ ಬರಬೇಕೆಂದು ಯಾರೂ ಕೇಳುವುದಿಲ್ಲ. ದೇವತೆಯಾಗಲೇಬೇಕೆಂಬುದೂ ಒಂದು ಜಾಮೀನೇ.

ತೆರೆಯ ಮುಂದೆ ಅಕ್ಕಪಕ್ಕದಲ್ಲಿ ಕುಳಿತ ಇಬ್ಬರು ಬಾಲಕರನ್ನು ಚಿತ್ರನಿರ್ಮಾಪಕರು ನೆನೆಯಬೇಕು. ಒಬ್ಬನು ತನ್ನ ಹೆಸರು ಖಳನ ಬಾಯಿಯಿಂದಲೋ ಸಾಯುವ ಗೆಳೆಯನ ಬಾಯಿಯಿಂದಲೋ ಮಾತ್ರ ಹೊರಡುವುದನ್ನು ಕೇಳಿ ಕೇಳಿ ತಲೆತಗ್ಗಿಸಲು ಕಲಿಯುತ್ತಾನೆ. ಇನ್ನೊಬ್ಬನು ಆ ಹೆಸರನ್ನು ಕೇಳಿದೊಡನೆ ಗುಮಾನಿ ಪಡಲು ಕಲಿಯುತ್ತಾನೆ. ನಾಳೆ ಒಂದೇ ಕಚೇರಿಯಲ್ಲಿ ಎದುರುಬದುರಾಗಿ, ಒಂದೇ ದಂಡಿನಲ್ಲಿ ಹೆಗಲಿಗೆ ಹೆಗಲು ಕೊಟ್ಟು ಕೆಲಸ ಮಾಡಬೇಕಾದವರು ಇವರೇ. ಈ ಇಬ್ಬರೂ ಒಂದೇ ಗಳಿಗೆಯಲ್ಲಿ ಒಬ್ಬನೇ ವೀರನಿಗಾಗಿ ಚಪ್ಪಾಳೆ ತಟ್ಟುವಂತೆ ಮಾಡುವ ಶಕ್ತಿಯು ಚಿತ್ರಪಟಕ್ಕುಂಟು. ೧೯೮೩ರಲ್ಲಿ ಅದನ್ನು ಮಾಡಿ ತೋರಿಸಿದ್ದೂ ಉಂಟು. ಆ ಶಕ್ತಿಯನ್ನು ಮತ್ತೆ ಉಪಯೋಗಿಸಲು ಹೊಸ ಕಾನೂನು ಬೇಕಾಗಿಲ್ಲ, ಸರ್ಕಾರದ ಸಹಾಯಧನವೂ ಬೇಕಾಗಿಲ್ಲ. ಕಥೆ ಬರೆಯುವವನು ವೀರನ ಹೆಸರನ್ನು ಬರೆದ ಮೇಲೆ ಅದರ ಕೆಳಗೆ ಜಾಮೀನುದಾರನ ರುಜುವಿಗಾಗಿ ಜಾಗ ಬಿಡದಿದ್ದರೆ ಸಾಕು.